ಸ್ನೂಕರ್ ದೊರೆ ಜೋ ಡೇವಿಸ್



ಈ ಸಲದ ಭಿತ್ತಿಪತ್ರಿಕೆಗೆ ಆಟಗಾರರೊಬ್ಬರ ಜೀವನ ಚರಿತ್ರೆ ಬರೆದುಕೊಡಬೇಕೆಂದು ಒಂಬತ್ತನೇ ಕ್ಲಾಸಿನವರು ನನ್ನ ಬೆನ್ನು ಹತ್ತಿದ್ದರು. ಕ್ರಿಕೆಟ್ಟಿನವರ ಬಗ್ಗೆ ಬರೀತೀನಿ ಅಂತ ಅವರ ಲೆಕ್ಕ. ಕ್ರಿಕೆಟ್ಟಿನವರ ವಿಷಯ ನನಗಿಂತ ನಿಮಗೇ ಜಾಸ್ತಿ ಗೊತ್ತು. ಅದಕ್ಕೇ ನಾನು ನೀವು ಯಾರೂ ಕೇಳಿರದ ಒಬ್ಬನನ್ನು ಹಿಡಿದು ತಂದಿದ್ದೇನೆ. ಹೆಸರು ಜೋ ಡೇವಿಸ್. ದೇಶ ಇಂಗ್ಲೆಂಡ್. ಆಟ ಸ್ನೂಕರ್. ಈತ ವಿಶ್ವ ಚಾಂಪಿಯನ್ ಪಟ್ಟವನ್ನು 15 ಸಲ ಗೆದ್ದ. ಆ ಸ್ಪರ್ಧೆಯಲ್ಲಿ ಒಂದು ಸಲವೂ ಸೋಲಲಿಲ್ಲ. ಬರೆಯುತ್ತಾ ಹೋದಂತೆ ಹಾಳೆ ಜಾಸ್ತಿಯಾಯಿತು. ಕೆಳಗಿನ ಹಾಳೆಗಳನ್ನು ಓದುವಾಗ ಚಿಕ್ಕವರು ಮುಂದೆ ಕೂತುಕೊಳ್ಳಿ, ದೊಡ್ಡವರು ಹಿಂದೆ ನಿಂತು ಓದಿ. ನೂಕಾಡಬೇಡಿ.

ಮೊದಲು ಆಟ ಏನು ಅಂತ ಹೇಳಿಬಿಡುತ್ತೇನೆ. ನಮ್ಮ ಸ್ಕೂಲಿನ ಕೇರಂ ಬೋರ್ಡ್ ನೆನಪಿಗೆ ತಂದುಕೊಳ್ಳಿ. ಅದನ್ನು ಹನ್ನೆರಡು ಅಡಿ ಉದ್ದ, ಆರು ಅಡಿ ಅಗಲ ಮಾಡಿ. ಮೇಲೆ ಸ್ಲೇಟು ಕಲ್ಲಿನ ಹಾಸು, ಅದರ ಮೇಲೆ ಹಸಿರು ಬಟ್ಟೆ. ನಾಲ್ಕು ಮೂಲೆಗೆ ನಾಲ್ಕು ತೂತು, ಉದ್ದದ ಬದಿಗಳ ಮಧ್ಯೆ ಒಂದೊಂದು, ಒಟ್ಟು ಆರು. ಕಾಯಿಗಳ ಬದಲು ಚೆಂಡುಗಳು, ಬೆರಳಿನ ಬದಲು ಉದ್ದನೆ ಕೋಲು. ಕೆಂಪು ಚೆಂಡು 15, ಒಂದೊಂದಕ್ಕೂ ಒಂದು ಅಂಕ. ಬಣ್ಣದ ಚೆಂಡು ಆರು: ಹಳದಿಗೆ 2, ಹಸಿರಿಗೆ 3, ಕಂದಿಗೆ 4, ನೀಲಿಗೆ 5, ಗುಲಾಬಿಗೆ 6, ಕಪ್ಪಿಗೆ 7. ಕೇರಂನ ಸ್ಟ್ರೈಕರ್ ಇದ್ದಂಗೆ ಇಲ್ಲಿ ಒಂದು ಬಿಳಿ ಚೆಂಡು. ಕೋಲಿನಿಂದ ಅದೊಂದನ್ನೇ ಹೊಡೆಯಬೇಕು, ಅದು ಹೋಗಿ ಬೇರೆಯದನ್ನು ಬೀಳಿಸಬೇಕು. ಮೊದಲು ಒಂದು ಕೆಂಪು, ಆಮೇಲೆ ಒಂದು ಬಣ್ಣ, ಮತ್ತೆ ಕೆಂಪು, ಮತ್ತೆ ಬಣ್ಣ. ಬಿದ್ದ ಬಣ್ಣದ ಚೆಂಡನ್ನು ತೆಗೆದು ಅದರ ಜಾಗದಲ್ಲೇ ಇಡುತ್ತಾರೆ. ಕೆಂಪೆಲ್ಲ ಮುಗಿದ ಮೇಲೆ ಬಣ್ಣಗಳನ್ನು ಸಣ್ಣ ಅಂಕದಿಂದ ದೊಡ್ಡ ಅಂಕಕ್ಕೆ ವರಸೆಯಾಗಿ ಬೀಳಿಸಬೇಕು. ತಪ್ಪಿದರೆ ಎದುರಾಳಿಯ ಸರದಿ. ತಪ್ಪದೆ ಒಂದೇ ಸರದಿಯಲ್ಲಿ ಗಳಿಸಿದ ಅಂಕಕ್ಕೆ ಬ್ರೇಕ್ ಅನ್ನುತ್ತಾರೆ.

ಇದು ಸಾಹೇಬರ ಆಟ, ನಮಗೇನು ಸಂಬಂಧ ಅಂತ ಮೂಗು ಮುರಿಯಬೇಡಿ. ಈ ಆಟ ಹುಟ್ಟಿದ್ದು ಇಂಗ್ಲೆಂಡಿನಲ್ಲಿ ಅಲ್ಲ, ನಮ್ಮ ದೇಶದಲ್ಲಿ. 1875ರಲ್ಲಿ ಜಬಲ್ಪುರದ ಸೈನ್ಯದ ಬಿಡಾರದಲ್ಲಿ, ಮಳೆಗಾಲದಲ್ಲಿ ಕೆಲಸವಿಲ್ಲದೆ ಕೂತ ಬ್ರಿಟಿಷ್ ಅಧಿಕಾರಿಗಳು ಬಿಲಿಯರ್ಡ್ಸ್ ಮೇಜಿನ ಮೇಲೆ ಹೊಸ ಹೊಸ ಚೆಂಡು ಸೇರಿಸುತ್ತಾ ಇದನ್ನು ಕಟ್ಟಿದರಂತೆ. ಅವರಲ್ಲಿ ನೆವಿಲ್ ಚೇಂಬರ್ಲೇನ್ ಎಂಬವನ ಹೆಸರು ಮುಖ್ಯ. (ಚರಿತ್ರೆ ಪಾಠದಲ್ಲಿ ಬರುವ ಪ್ರಧಾನಿ ಚೇಂಬರ್ಲೇನ್ ಬೇರೆ, ಇವನು ಬೇರೆ. ಪರೀಕ್ಷೆಯಲ್ಲಿ ಬೆರೆಸಬೇಡಿ.) ಆಮೇಲೆ ಆಟದ ನಿಯಮಗಳನ್ನು ಬರೆದು ಗೋಡೆಗೆ ಹಾಕಿದ್ದು ಊಟಿ ಕ್ಲಬ್ಬಿನಲ್ಲಿ. ನಮ್ಮ ಗುಂಡ್ಲುಪೇಟೆಯಿಂದ ಬಂಡೀಪುರ ದಾಟಿ ಘಾಟಿ ಹತ್ತಿದರೆ ಸಿಗುವ ಅದೇ ಊಟಿ. ನಮ್ಮೂರಿನ ಎಷ್ಟೋ ಜನ ಕ್ಯಾರೆಟ್ಟು ಆಲೂಗಡ್ಡೆ ಲಾರಿಯಲ್ಲಿ ಹೋಗಿ ಬರುವ ಊರು. ಅಲ್ಲಿ ಗೋಡೆಗೆ ಹತ್ತಿದ ಆಟ ಹಡಗು ಹತ್ತಿ ಇಂಗ್ಲೆಂಡ್ ಸೇರಿತು. ಸೇರಿ ಸುಮಾರು ನಲವತ್ತು ವರ್ಷ ಮೂಲೆಯಲ್ಲಿ ಕೂತಿತ್ತು. ಅದನ್ನು ಮೂಲೆಯಿಂದ ಎತ್ತಿ ನಡುಮನೆಗೆ ತಂದವನೇ ನಮ್ಮ ಕಥಾನಾಯಕ.

ಜೋ ಡೇವಿಸ್ ಹುಟ್ಟಿದ್ದು 1901ರ ಏಪ್ರಿಲ್ 15ರಂದು, ಡರ್ಬಿಶೈರ್ ಎಂಬ ಸೀಮೆಯ ವಿಟ್‌ವೆಲ್ ಎಂಬ ಹಳ್ಳಿಯಲ್ಲಿ. ಅದು ಕಲ್ಲಿದ್ದಲು ಗಣಿಗಳ ನಾಡು. ಅವನಪ್ಪನೂ ಗಣಿ ಕೆಲಸಗಾರ. ಮುಂದೆ ಅಪ್ಪ ಗಣಿ ಬಿಟ್ಟು, ಚೆಸ್ಟರ್‌ಫೀಲ್ಡ್ ಪಟ್ಟಣದ ಪಕ್ಕದಲ್ಲಿ ಒಂದು ಪಬ್ ನಡೆಸಲು ಹಿಡಿದ. ಊಟ, ಕುಡಿತ, ತಂಗುವುದು ಎಲ್ಲ ಒಂದೇ ಕಡೆ ಸಿಗುವ ಜಾಗ ಅದು. ಅಲ್ಲಿ ದೊಡ್ಡ ಅಳತೆಯ ಒಂದು ಬಿಲಿಯರ್ಡ್ಸ್ ಮೇಜು ಇತ್ತು. ಗಿರಾಕಿಗಳು ಆಡುವುದನ್ನು ನೋಡುತ್ತಾ ನೋಡುತ್ತಾ ಹುಡುಗ ಕೋಲು ಹಿಡಿದ. ಅಪ್ಪ ಗಣಿಯಲ್ಲೇ ಉಳಿದಿದ್ದರೆ ಮಗನೂ ಅಲ್ಲೇ ಇಳಿಯುತ್ತಿದ್ದನೋ ಏನೋ. ಆ ಸೀಮೆಯ ಹುಡುಗರ ಹಣೆಬರಹ ಸಾಮಾನ್ಯವಾಗಿ ಅದೇ ಆಗಿತ್ತು.

ಆಗ ದೊಡ್ಡ ಆಟ ಸ್ನೂಕರ್ ಅಲ್ಲ, ಬಿಲಿಯರ್ಡ್ಸ್. ಅದರಲ್ಲಿ ಮೂರೇ ಚೆಂಡು. ಜೋ 12ನೇ ವಯಸ್ಸಿಗೆ ಬಿಲಿಯರ್ಡ್ಸಿನಲ್ಲಿ ಮೊದಲ ನೂರರ ಬ್ರೇಕ್ ಹೊಡೆದ. 13ಕ್ಕೆ ಚೆಸ್ಟರ್‌ಫೀಲ್ಡ್ ಸುತ್ತಿನ ಸ್ಪರ್ಧೆ ಗೆದ್ದ. 18 ತುಂಬುವ ಹೊತ್ತಿಗೆ, 1919ರಲ್ಲಿ, ಆಟವೇ ಹೊಟ್ಟೆಪಾಡು ಅಂತ ತೀರ್ಮಾನಿಸಿ ವೃತ್ತಿ ಆಟಗಾರನಾದ.

ಇಲ್ಲಿ ನಿಮಗೆ ಒಂದು ಮಾತು ಹೇಳಲೇಬೇಕು. ಜೋನ ಬಲಗಣ್ಣು ಮಂಜು. ಗುರಿ ಹಿಡಿಯುವ ಕೆಲಸವೆಲ್ಲ ಎಡಗಣ್ಣಿನದೇ. ಈ ಆಟದಲ್ಲಿ ಸಾಮಾನ್ಯವಾಗಿ ಆಟಗಾರ ಬಗ್ಗಿ, ಗಲ್ಲದ ನಡುವಿಗೆ ಕೋಲು ತಾಗುವಂತೆ ನಿಂತು, ಎರಡೂ ಕಣ್ಣಿನಿಂದ ಗೆರೆ ಹಿಡಿದು ಹೊಡೆಯುತ್ತಾನೆ. ಜೋ ಬಲಗೈಯವನಾದರೂ ಕೋಲನ್ನು ಗಲ್ಲದ ಎಡಬದಿಗೆ, ಎಡಗಣ್ಣಿನ ನೇರಕ್ಕೆ ತಂದುಕೊಂಡು ಆಡಿದ. ಯಾರೂ ಹೇಳಿಕೊಟ್ಟಿದ್ದಲ್ಲ. ಕಣ್ಣಿಗೆ ತಕ್ಕಂತೆ ಮೈಯನ್ನು ಒಗ್ಗಿಸಿಕೊಂಡ, ಅಷ್ಟೆ. ಗೋಲಿ ಆಡುವಾಗ ನೀವು ಒಂದು ಕಣ್ಣು ಮುಚ್ಚಿ ಗುರಿ ಹಿಡೀತೀರಲ್ಲ, ಇವನು ಹೆಚ್ಚುಕಮ್ಮಿ ಹಂಗೆ ಬದುಕಿಡೀ ಆಡಿದ.

ಬಿಲಿಯರ್ಡ್ಸಿನ ವಿಶ್ವಪಟ್ಟಕ್ಕೆ 1926 ಮತ್ತು 1927ರಲ್ಲಿ ಟಾಮ್ ನ್ಯೂಮನ್ ಎಂಬುವನ ಕೈಲಿ ಸೋತ. 1928ರಲ್ಲಿ ಅದೇ ನ್ಯೂಮನ್‌ನನ್ನು ಸೋಲಿಸಿ ಪಟ್ಟ ಹಿಡಿದ. ಆ ಪಟ್ಟವನ್ನು ಒಟ್ಟು ನಾಲ್ಕು ಸಲ ಗೆದ್ದ. ಆದರೆ ಆಸ್ಟ್ರೇಲಿಯಾದಿಂದ ವಾಲ್ಟರ್ ಲಿಂಡ್ರಮ್ ಅಂತ ಒಬ್ಬ ಬಂದ. ಅವನು ಮನುಷ್ಯನೋ ಯಂತ್ರವೋ ಹೇಳೋದು ಕಷ್ಟ. 1932ರ ಜನವರಿಯಲ್ಲಿ ಲಂಡನ್ನಿನ ಥರ್ಸ್ಟನ್ ಹಾಲಿನಲ್ಲಿ ಲಿಂಡ್ರಮ್ ಒಂದೇ ಸರದಿಯಲ್ಲಿ 4137 ಅಂಕ ಹೊಡೆದ. ಸುಮಾರು ಮೂರು ಗಂಟೆ ಆಟ. ಅಷ್ಟು ಹೊತ್ತೂ ಕುರ್ಚಿ ಮೇಲೆ ಕೂತು ನೋಡಿದವನು ಜೋ. ಕೊನೆಗೊಮ್ಮೆ ತನ್ನ ಸರದಿ ಬಂದಾಗ ಎದ್ದು 1247 ಅಂಕ ಹೊಡೆದ. ಮೂರು ಗಂಟೆ ಕೈ ತಣ್ಣಗಾಗಿದ್ದ ಮೇಲೆ ಎದ್ದು ಹಾಗೆ ಆಡುವುದು ನನಗಂತೂ ಲಿಂಡ್ರಮ್ಮನ 4137ಕ್ಕಿಂತ ದೊಡ್ಡದಾಗಿ ಕಾಣುತ್ತದೆ. 1933ರಲ್ಲಿ ಲಂಡನ್ನಿನಲ್ಲೂ, 1934ರಲ್ಲಿ ಆಸ್ಟ್ರೇಲಿಯಾದಲ್ಲೂ ವಿಶ್ವಪಟ್ಟಕ್ಕೆ ಅವನೊಡನೆ ಆಡಿ ಜೋ ಸೋತ.

ಆದರೆ ಒಂದು ವಿಷಯ ಜೋಗೆ ಅದಕ್ಕೂ ಬಹಳ ಮೊದಲೇ ಹೊಳೆದಿತ್ತು. ಒಬ್ಬ ಗಂಟೆಗಟ್ಟಲೆ ಆಡುತ್ತಾ ಇನ್ನೊಬ್ಬ ಗಂಟೆಗಟ್ಟಲೆ ಕೂತಿದ್ದರೆ ಕಾಸು ಕೊಟ್ಟು ಬಂದ ಜನ ಎಷ್ಟು ದಿನ ನೋಡ್ತಾರೆ? ಆಟ ಚೆನ್ನಾದಷ್ಟೂ ಬೇಸರ ಜಾಸ್ತಿಯಾಗುವ ವಿಚಿತ್ರ ಅದು. ಬಿಲಿಯರ್ಡ್ಸ್ ಹಾಲುಗಳಲ್ಲಿ ಜನ ಸಾಮಾನ್ಯರು ಮಜಕ್ಕೆ ಆಡುತ್ತಿದ್ದದ್ದು ಸ್ನೂಕರ್. ಆದರೆ ದೊಡ್ಡವರು ಅದನ್ನು ಲೆಕ್ಕಕ್ಕೇ ತೆಗೆದುಕೊಳ್ಳುತ್ತಿರಲಿಲ್ಲ. ಟಾಮ್ ಡೆನಿಸ್ ಎಂಬ ಆಟಗಾರ 1924ರಲ್ಲಿ ಆಟದ ಸಂಘಕ್ಕೆ ಪತ್ರ ಬರೆದು ವೃತ್ತಿಯವರಿಗೆ ಸ್ನೂಕರ್ ಸ್ಪರ್ಧೆ ಮಾಡಿ ಎಂದು ಕೇಳಿದಾಗ, ಇದನ್ನು ನೋಡಲು ದುಡ್ಡು ಕೊಟ್ಟು ಜನ ಬರುವುದು ಅನುಮಾನ ಎಂಬರ್ಥದ ಉತ್ತರ ಬಂತು. ಜೋ ಬಿಡಲಿಲ್ಲ. ಬರ್ಮಿಂಗ್‌ಹ್ಯಾಮ್‌ನಲ್ಲಿ ಬಿಲಿಯರ್ಡ್ಸ್ ಹಾಲು ಇಟ್ಟಿದ್ದ ಬಿಲ್ ಕ್ಯಾಮ್ಕಿನ್ ಎಂಬುವನನ್ನು ಜೊತೆ ಮಾಡಿಕೊಂಡು ಸಂಘವನ್ನು ಒಪ್ಪಿಸಿದ. ಮೊದಲ ಸ್ಪರ್ಧೆಗೆ ಹತ್ತು ಜನ ಸೇರಿದರು. 1927ರ ಮೇ ತಿಂಗಳಲ್ಲಿ ಕ್ಯಾಮ್ಕಿನ್ ಹಾಲಿನಲ್ಲೇ ಫೈನಲ್. ಜೋ ಅದೇ ಟಾಮ್ ಡೆನಿಸ್‌ನನ್ನು 20-11ರಲ್ಲಿ ಗೆದ್ದ.

ಬಹುಮಾನ ಎಷ್ಟು ಗೊತ್ತಾ? ಆರೂವರೆ ಪೌಂಡು! ಆಟಗಾರರಿಗೆ ಬರಬೇಕಿದ್ದ ಟಿಕೆಟ್ ಹಣದ ಅರ್ಧ ಭಾಗವನ್ನು ಮುರಿದುಕೊಂಡು ಒಂದು ಬೆಳ್ಳಿ ಕಪ್ ಕೊಂಡರು. ನಾವು ಗಣಪತಿ ಹಬ್ಬದ ಕಬಡ್ಡಿಗೆ ತಂಡದವರ ಹತ್ತಿರವೇ ಚಂದಾ ಎತ್ತಿ, ಅದರಲ್ಲೇ ಕಪ್ಪು ತಂದು, ಗೆದ್ದವರ ಕೈಗೆ ಕೊಡ್ತೀವಲ್ಲ, ಥೇಟ್ ಹಂಗೆ. ವ್ಯತ್ಯಾಸ ಇಷ್ಟೇ: ನಮ್ಮ ಕಪ್ಪಿನ ಹಿಡಿ ಮಾರನೇ ವರ್ಷಕ್ಕೆ ಮುರಿದಿರುತ್ತದೆ, ಆ ಕಪ್ಪನ್ನು ಇಂದಿನ ವಿಶ್ವ ಚಾಂಪಿಯನ್ನರೂ ಎತ್ತಿ ಹಿಡಿಯುತ್ತಾರೆ. ಈಗ ಗೆದ್ದವರಿಗೆ ಲಕ್ಷಗಟ್ಟಲೆ ಪೌಂಡು.

ಮೊದಮೊದಲು ಸ್ಪರ್ಧೆಯ ಸ್ಥಿತಿ ನೋಡಿದರೆ ನಗು ಬರುತ್ತದೆ. 1931ರಲ್ಲಿ ಹೆಸರು ಕೊಟ್ಟವರು ಇಬ್ಬರೇ, ಜೋ ಮತ್ತು ಟಾಮ್ ಡೆನಿಸ್. ಡೆನಿಸ್‌ನ ಊರಾದ ನಾಟಿಂಗ್‌ಹ್ಯಾಮ್‌ಗೇ ಹೋಗಿ ಆಡಿ ಜೋ 25-21ರಲ್ಲಿ ಗೆದ್ದ. 1934ರಲ್ಲೂ ಇಬ್ಬರೇ. ಹೀಗಾಗಿ 15 ಪಟ್ಟ ಎಂದ ಕೂಡಲೇ ನಾವು ಬಾಯಿ ಬಿಟ್ಟು ನೋಡಬೇಕಾಗಿಲ್ಲ. ಎದುರಾಳಿಗಳು ಕಮ್ಮಿ ಇದ್ದ ಕಾಲ ಅದು. ಆದರೂ ಯಾರೂ ಬಾರದ ಸಂತೆಗೆ ವರ್ಷ ವರ್ಷವೂ ಅಂಗಡಿ ಹಾಕಿದವನು ಅವನು ತಾನೇ? ಅವನು ಹಾಕದಿದ್ದರೆ ಸಂತೆಯೇ ಇರುತ್ತಿರಲಿಲ್ಲ.

ಆಟದ ರೀತಿಯನ್ನೂ ಅವನೇ ಬದಲಿಸಿದ. ಅವನಿಗಿಂತ ಮೊದಲಿನವರು ಒಂದೆರಡು ಚೆಂಡು ಬೀಳಿಸಿ, ಬಿಳಿ ಚೆಂಡನ್ನು ಎದುರಾಳಿಗೆ ಸಿಗದ ಜಾಗಕ್ಕೆ ತಳ್ಳಿ ಸುಮ್ಮನಾಗುತ್ತಿದ್ದರು. ಬಿಲಿಯರ್ಡ್ಸಿನಲ್ಲಿ ಬಿಳಿ ಚೆಂಡನ್ನು ಹೇಳಿದ ಮಾತು ಕೇಳುವಂತೆ ಪಳಗಿಸಿದ್ದ ಜೋ, ಆ ವಿದ್ಯೆಯನ್ನು ಇಲ್ಲಿಗೆ ತಂದ. ಒಂದು ಚೆಂಡು ಬೀಳಿಸುವಾಗಲೇ ಮುಂದಿನದಕ್ಕೆ, ಅದರ ಮುಂದಿನದಕ್ಕೆ ಬಿಳಿ ಚೆಂಡು ಎಲ್ಲಿ ಬಂದು ನಿಲ್ಲಬೇಕು ಅಂತ ಲೆಕ್ಕ ಹಾಕಿ ಹೊಡೆಯುವುದು. ಹೆಚ್ಚು ಅಂಕದ ಕಪ್ಪು ಚೆಂಡಿನ ಸುತ್ತಮುತ್ತಲೇ ಬಿಳಿಯನ್ನು ಸುತ್ತಾಡಿಸುತ್ತಾ ಇರುವುದು. 1935ರಲ್ಲಿ ಅವನು ಹೊಡೆದ 110 ವಿಶ್ವ ಸ್ಪರ್ಧೆಯ ಮೊದಲ ಶತಕ. ಬದುಕಿನಲ್ಲಿ ಒಟ್ಟು 687 ಶತಕ. 1936ರ ಫೈನಲ್‌ನಲ್ಲಿ ಹೊರೇಸ್ ಲಿಂಡ್ರಮ್ (ವಾಲ್ಟರನ ಸಂಬಂಧಿ) ಎದುರು 24-27ರಲ್ಲಿ ಹಿಂದಿದ್ದವನು ಕೊನೆಯ ಹತ್ತು ಫ್ರೇಮನ್ನೂ ಸಾಲಾಗಿ ಬಾಚಿಕೊಂಡು 34-27 ಮಾಡಿದ.

ಈಗ ಜೋನ ತಮ್ಮನ ವಿಷಯಕ್ಕೆ ಬರುತ್ತೇನೆ. ಈ ಕಥೆಯಲ್ಲಿ ನನಗೆ ಹೆಚ್ಚು ಹಿಡಿಸಿದ್ದು ಇದೇ. ಜೋಗೆ ಫ್ರೆಡ್ ಅಂತ ಹನ್ನೆರಡು ವರ್ಷ ಚಿಕ್ಕ ತಮ್ಮ. ಅಣ್ಣನನ್ನು ನೋಡಿ ತಮ್ಮನೂ ಕೋಲು ಹಿಡಿದ. 1937ರಲ್ಲಿ ಮೊದಲ ಸಲ ವಿಶ್ವ ಸ್ಪರ್ಧೆಗೆ ಬಂದವನು ಬಿಲ್ ವಿದರ್ಸ್ ಎಂಬ ಸಾಧಾರಣ ಆಟಗಾರನಿಗೆ ಸೋತುಬಿಟ್ಟ. ಕಾರಣ ಏನಪ್ಪಾ ಅಂದರೆ ಅವನಿಗೆ ದೂರದ್ದು ಸರಿಯಾಗಿ ಕಾಣುತ್ತಿರಲಿಲ್ಲ. ಅದನ್ನು ಒಪ್ಪಿಕೊಳ್ಳಲು ನಾಚಿಕೆ. (ಹಿಂದಿನ ಬೆಂಚಿನಲ್ಲಿ ಕೂತು ಬೋರ್ಡು ಕಾಣದಿದ್ದರೂ ಕಾಣುತ್ತೆ ಸಾರ್ ಅನ್ನೋರು ನಮ್ಮಲ್ಲೂ ಇದ್ದಾರೆ.) ಮುಂದಿನ ಸುತ್ತಿನಲ್ಲಿ ಅದೇ ವಿದರ್ಸ್ ಜೋಗೆ ಎದುರಾದ. ಜೋ 30-1ರಲ್ಲಿ ಅವನನ್ನು ಹುಡಿಮಾಡಿದ. ಆ ವಿದರ್ಸ್ ಪಾಪ ಏನು ತಪ್ಪು ಮಾಡಿದ್ದ! ಆಮೇಲೆ ಫ್ರೆಡ್ ಕನ್ನಡಕ ಮಾಡಿಸಿಕೊಂಡ. ಬಗ್ಗಿ ನೋಡಿದಾಗ ಗಾಜಿನ ನಡುವಿನಿಂದಲೇ ಕಾಣುವಂತೆ ಗಾಜು ಓರೆಯಾಗುವ ವಿಶೇಷ ಕನ್ನಡಕ. 1940ರ ಫೈನಲ್‌ನಲ್ಲಿ ಅಣ್ಣ ತಮ್ಮ ಇಬ್ಬರೇ ಎದುರುಬದುರಾದರು. ಅಣ್ಣ 37, ತಮ್ಮ 36. ಕೂದಲೆಳೆ ಅಂತರ.

ಆಗ ಎರಡನೇ ಮಹಾಯುದ್ಧ. 1940ರ ಅಕ್ಟೋಬರಿನಲ್ಲಿ ಥರ್ಸ್ಟನ್ ಹಾಲಿನ ಮೇಲೆ ಬಾಂಬು ಬಿತ್ತು. ಸ್ಪರ್ಧೆ ನಿಂತಿತು. ಜೋ ನಾಟಕ ಶಾಲೆಗಳಿಗೆ ಹೋಗಿ ವೇದಿಕೆ ಮೇಲೆ ಮೇಜು ಹಾಕಿಸಿ, ಹಿಂದೆ ದೊಡ್ಡ ಕನ್ನಡಿಯನ್ನು ಓರೆಯಾಗಿ ನಿಲ್ಲಿಸಿ, ಕೆಳಗೆ ಕೂತವರಿಗೂ ಮೇಜು ಕಾಣುವಂತೆ ಮಾಡಿ ಚಮತ್ಕಾರದ ಹೊಡೆತಗಳನ್ನು ತೋರಿಸುತ್ತಿದ್ದ. ಯುದ್ಧದ ಸಹಾಯನಿಧಿಗೂ ಹಣ ಎತ್ತಿಕೊಟ್ಟ.

ಯುದ್ಧ ಮುಗಿದು 1946ರಲ್ಲಿ ಲಂಡನ್ನಿನಲ್ಲಿ ಮತ್ತೆ ಫೈನಲ್. ಒಟ್ಟು 145 ಫ್ರೇಮ್! ದಿನವಲ್ಲ, ವಾರಗಳ ಆಟ. ಹೊರೇಸ್ ಲಿಂಡ್ರಮ್‌ನನ್ನು 78-67ರಲ್ಲಿ ಗೆದ್ದು ಜೋ 15ನೇ ಪಟ್ಟ ಪಡೆದ. ಆಮೇಲೆ 45ನೇ ವಯಸ್ಸಿನಲ್ಲಿ, ಇನ್ನು ಮುಂದೆ ವಿಶ್ವ ಸ್ಪರ್ಧೆಗೆ ಇಳಿಯುವುದಿಲ್ಲ ಎಂದು ಬಿಟ್ಟುಬಿಟ್ಟ.

ಸೋಲುವ ಮೊದಲೇ ಬಿಟ್ಟದ್ದು ಜಾಣತನ ಅಂತ ನಿಮಗೆ ಅನ್ನಿಸಬಹುದು. ಪೂರ್ತಿ ಬಿಟ್ಟಿದ್ದರೆ ನಾನೂ ಹಾಗೇ ಅನ್ನುತ್ತಿದ್ದೆ. ಆದರೆ ಜೋ ಆಟ ಬಿಡಲಿಲ್ಲ, ಆ ಒಂದು ಸ್ಪರ್ಧೆಯನ್ನು ಮಾತ್ರ ಬಿಟ್ಟ. ಬೇರೆ ಪಂದ್ಯಗಳನ್ನು ಆಡುತ್ತಲೇ ಇದ್ದ. ಎದುರಾಳಿಗಳಿಗೆ ಮೊದಲೇ ಇಷ್ಟು ಅಂಕ ಅಂತ ಬಿಟ್ಟುಕೊಟ್ಟು ಆಡಿ ಗೆಲ್ಲುತ್ತಿದ್ದ. ಎಲ್ಲರಿಗೂ ಗೊತ್ತು ಇವನೇ ದೊಡ್ಡವನು ಅಂತ. ಫ್ರೆಡ್ 1948, 1949, 1951ರಲ್ಲಿ ವಿಶ್ವ ಚಾಂಪಿಯನ್ ಆದ. ಆದರೆ ಜನ ಏನಂದುಕೊಂಡರು? ಅಣ್ಣ ಆಡಿದ್ದರೆ ಇವನು ಗೆಲ್ತಿದ್ದನಾ ಅಂತ. ಪಾಪ, ಅಂಕದ ರಿಯಾಯಿತಿ ಇಲ್ಲದೆ ಸರಿಸಮ ಆಡಿ ಜೋನನ್ನು ಸೋಲಿಸಿದ ಒಬ್ಬನೇ ಒಬ್ಬ ಅಂದರೆ ಫ್ರೆಡ್, ಅದೂ ನಾಲ್ಕು ಸಲ. ಆದರೆ ಒಂದೂ ವಿಶ್ವ ಸ್ಪರ್ಧೆಯಲ್ಲಿ ಅಲ್ಲ.

ಇನ್ನೊಂದು. ಜೋ ವೃತ್ತಿ ಆಟಗಾರರ ಸಂಘದ ಮುಖ್ಯಸ್ಥ. ಥರ್ಸ್ಟನ್ ಹಾಲನ್ನು 1947ರಲ್ಲಿ ರಿಪೇರಿ ಮಾಡಿ ಲೆಸ್ಟರ್ ಸ್ಕ್ವೇರ್ ಹಾಲ್ ಅಂತ ತೆರೆದಾಗ ಅದನ್ನು ಗುತ್ತಿಗೆ ಹಿಡಿದವರಲ್ಲೂ ಒಬ್ಬ. ಆಟಗಾರನೂ ಅವನೇ, ಯಜಮಾನನೂ ಅವನೇ. ಯಾರು ಎಲ್ಲಿ ಆಡಬೇಕು ಅನ್ನುವುದರಲ್ಲಿ ಅವನ ಮಾತಿಗೆ ತೂಕ ಇತ್ತು, ಅದು ಹಿಡಿಸದವರೂ ಇದ್ದರು. ದೊಡ್ಡ ಆಲದ ಮರದ ಕೆಳಗೆ ನೆರಳು ಬಹಳ, ಆದರೆ ಬೇರೆ ಗಿಡ ಬೆಳೆಯಲ್ಲ. 1952ರಲ್ಲಿ ಆಟಗಾರರಿಗೂ ಸಂಘಕ್ಕೂ ಜಗಳವಾಗಿ ಸ್ಪರ್ಧೆ ಎರಡು ಹೋಳಾಯಿತು. 1958ರಿಂದ 1963ರವರೆಗೆ ವಿಶ್ವ ಸ್ಪರ್ಧೆಯೇ ನಡೆಯಲಿಲ್ಲ. ಇದೆಲ್ಲ ಜೋ ಒಬ್ಬನ ತಪ್ಪು ಅನ್ನಲಾರೆ. ಜನ ಬರುವುದು ಕಮ್ಮಿಯಾಗಿತ್ತು, ಹಾಲುಗಳು ಮುಚ್ಚುತ್ತಿದ್ದವು. ಆದರೆ ತಾನೇ ನೆಟ್ಟ ಗಿಡ ಒಣಗುವಾಗ ಅವನು ಬೇಲಿಯ ಆಚೆ ನಿಂತಿದ್ದ ಅನ್ನುವುದಂತೂ ನಿಜ.

ಆಚೆ ನಿಂತೇ ಒಂದು ದೊಡ್ಡ ಕೆಲಸ ಮಾಡಿದ. ಈಗ ಲೆಕ್ಕದ ಪುಸ್ತಕ ತೆಗೆಯಿರಿ. 15 ಕೆಂಪು, ಪ್ರತಿ ಕೆಂಪಿನ ಜೊತೆ ಕಪ್ಪು ಬೀಳಿಸಿದರೆ 15 ಸಲ 8, ಅಂದರೆ 120. ಕೊನೆಗೆ ಆರು ಬಣ್ಣ: 2+3+4+5+6+7, ಅಂದರೆ 27. ಒಟ್ಟು 147. ಎದುರಾಳಿ ತಪ್ಪು ಮಾಡದಿದ್ದರೆ ಇದಕ್ಕಿಂತ ಹೆಚ್ಚು ಒಂದೇ ಸರದಿಯಲ್ಲಿ ಬರುವುದಿಲ್ಲ. ಸಾಲಾಗಿ 36 ಚೆಂಡು, ಒಂದೂ ತಪ್ಪಬಾರದು. 1955ರ ಜನವರಿ 22ರಂದು, ಲೆಸ್ಟರ್ ಸ್ಕ್ವೇರ್ ಹಾಲ್ ಇನ್ನೇನು ಮುಚ್ಚುವ ದಿನಗಳಲ್ಲಿ, ವಿಲ್ಲಿ ಸ್ಮಿತ್ ಎಂಬ ಹಳೆಯ ಆಟಗಾರನ ಎದುರು ಜೋ ಆ 147 ಹೊಡೆದ. ಆಗ ಅವನಿಗೆ 53 ವರ್ಷ. ಅಧಿಕೃತವಾಗಿ ಲೆಕ್ಕಕ್ಕೆ ಬಂದ ಮೊದಲ 147 ಇದೇ. ಆದರೆ ಸಂಘ ಕೂಡಲೇ ಒಪ್ಪಲಿಲ್ಲ. ವೃತ್ತಿಯವರು ಬಳಸುತ್ತಿದ್ದ ಒಂದು ನಿಯಮ, ತಪ್ಪು ಹೊಡೆದವನಿಗೇ ಮತ್ತೆ ಆಡು ಎನ್ನುವ ಹಕ್ಕು, ಸಂಘದ ಪುಸ್ತಕದಲ್ಲಿ ಇರಲಿಲ್ಲ. ಆ 147 ಬರುವಾಗ ಆ ನಿಯಮದಿಂದ ಏನೂ ಆಗಿರಲಿಲ್ಲ, ಆದರೂ ತಕರಾರು. 1957ರಲ್ಲಿ ಒಪ್ಪಿಕೊಂಡರು. ತಾಲ್ಲೂಕು ಕಚೇರಿಯಲ್ಲಿ ಜಾತಿ ಸರ್ಟಿಫಿಕೇಟಿಗೆ ಓಡಾಡಿದವರಿಗೆ ಇದು ಅರ್ಥವಾಗುತ್ತದೆ.

1959ರಲ್ಲಿ ಜನರನ್ನು ಸೆಳೆಯಲೆಂದು ಕಿತ್ತಳೆ (8 ಅಂಕ) ಮತ್ತು ನೇರಳೆ (10 ಅಂಕ) ಬಣ್ಣದ ಎರಡು ಚೆಂಡು ಸೇರಿಸಿ ಸ್ನೂಕರ್ ಪ್ಲಸ್ ಅಂತ ಹೊಸ ಆಟ ಮಾಡಿದ. ಗರಿಷ್ಠ ಎಷ್ಟಾಗುತ್ತೆ ಅಂತ ನೀವೇ ಲೆಕ್ಕ ಹಾಕಿ, ಉತ್ತರ 210 ಬಂದರೆ ಸರಿ. ಜನ ಮೂಸಿಯೂ ನೋಡಲಿಲ್ಲ. ಸರಿಯಾದ ಸಾರಿಗೆ ಮತ್ತೆ ಬೆಲ್ಲ ಹಾಕಿದಂಗಾಯ್ತು. 1963ರಲ್ಲಿ ಬ್ರಿಟಿಷ್ ಸರ್ಕಾರದ ಓ.ಬಿ.ಇ. ಗೌರವ ಬಂತು, 1964ರಲ್ಲಿ ಆಡುವುದನ್ನು ನಿಲ್ಲಿಸಿದ. 1964ರಲ್ಲೇ ವಿಶ್ವಪಟ್ಟದ ಆಟವೂ ಮತ್ತೆ ಶುರುವಾಯಿತು. ಬಣ್ಣದ ಟೀವಿ ಬಂದ ಮೇಲಂತೂ ಸ್ನೂಕರಿನ ಅದೃಷ್ಟ ಖುಲಾಯಿಸಿತು, ಬಣ್ಣದ ಚೆಂಡುಗಳ ಆಟ ತಾನೇ. ನಮ್ಮ ನಾಡಿಗೂ ಅದರ ಫಲ ಬಂದಿದೆ. ಬೆಂಗಳೂರಿನಲ್ಲಿ ಅರವಿಂದ್ ಸವೂರ್ ಅವರ ಗರಡಿಯಲ್ಲಿ ಪಳಗಿದ ಪಂಕಜ್ ಅಡ್ವಾಣಿ ಬಿಲಿಯರ್ಡ್ಸ್, ಸ್ನೂಕರ್ ಎರಡೂ ಸೇರಿ ಇಪ್ಪತ್ತಕ್ಕೂ ಹೆಚ್ಚು ವಿಶ್ವಪಟ್ಟ ಗೆದ್ದಿದ್ದಾರೆ. ಅವರ ಬಗ್ಗೆ ಯಾರಾದರೂ ಮುಂದಿನ ಸಂಚಿಕೆಗೆ ಬರೆಯಿರಿ.

1978ರಲ್ಲಿ ಶೆಫೀಲ್ಡ್ ನಗರದ ಕ್ರೂಸಿಬಲ್ ನಾಟಕಮಂದಿರದಲ್ಲಿ ವಿಶ್ವ ಸ್ಪರ್ಧೆ. ಜೋಗೆ 77 ವರ್ಷ, ನೋಡಲು ಬಂದು ಕೂತಿದ್ದ. ಸೆಮಿಫೈನಲ್ ಆಡುತ್ತಿದ್ದವನು ಯಾರು ಅಂತೀರಿ? ತಮ್ಮ ಫ್ರೆಡ್, 64 ವರ್ಷದವನು! ಎದುರಾಳಿ ದಕ್ಷಿಣ ಆಫ್ರಿಕಾದ ಪೆರಿ ಮಾನ್ಸ್. ತಾನು ಆಡುವಾಗ ಕಲ್ಲಿನಂತೆ ಇರುತ್ತಿದ್ದ ಜೋ, ತಮ್ಮನ ಒಂದೊಂದು ಹೊಡೆತಕ್ಕೂ ಕುರ್ಚಿಯಲ್ಲೇ ಅತ್ತಿತ್ತ ವಾಲಾಡುತ್ತಿದ್ದ. ಆ ಆತಂಕದಲ್ಲೇ ಅವನ ಮೈ ಕೆಟ್ಟಿತು. ಫ್ರೆಡ್ 16-18ರಲ್ಲಿ ಸೋತ. ಜೋಗೆ ದೊಡ್ಡ ಆಪರೇಷನ್ ಆಯಿತು, ಚೇತರಿಸಿಕೊಳ್ಳುವಾಗ ಎದೆಗೆ ಸೋಂಕು ತಗುಲಿ 1978ರ ಜುಲೈ 10ರಂದು ತೀರಿಕೊಂಡ.

ಫ್ರೆಡ್ ಆಟ ಬಿಡಲಿಲ್ಲ. ಅಣ್ಣ ಹೋದ ಎರಡು ವರ್ಷಕ್ಕೆ, 1980ರಲ್ಲಿ, ಅರವತ್ತಾರನೇ ವಯಸ್ಸಿನಲ್ಲಿ ಬಿಲಿಯರ್ಡ್ಸಿನ ವಿಶ್ವಪಟ್ಟ ಗೆದ್ದ. ವೃತ್ತಿ ಆಟಗಾರರಲ್ಲಿ ಎರಡೂ ಆಟದ ವಿಶ್ವಪಟ್ಟ ಹಿಡಿದವರು ಅಲ್ಲಿಯವರೆಗೆ ಜೋ ಒಬ್ಬನೇ ಇದ್ದ.